ಗೃಹ ನಿರ್ಮಾಣ ಸಹಕಾರ ಸಂಘಗಳ ಭೂವ್ಯವಹಾರ ಮತ್ತು ನ್ಯಾಯಾಧಿಕಾರದ ಪ್ರಶ್ನೆ

(ಬಳ್ಳಾರಿಯ ಕೌಲ್ ಬಜಾರಿನಲ್ಲಿ ನೀಡಿದ ದತ್ತಿ ಉಪನ್ಯಾಸದ ಪೂರ್ಣಪಾಠ)



ಜೀನ್ಸ್ ಬಟ್ಟೆಯ ಹೊಲಿಗೆಯಿಂದಲೋ, ಶಾಲೆಯ ಮಾಸ್ತರಿಕೆಯಿಂದಲೋ, ರೈಲ್ವೆಯ ನೌಕರಿಯಿಂದಲೋ, ಮಾರುಕಟ್ಟೆಯ ಹಮಾಲಿಯಿಂದಲೋ ದಿನದ ಅನ್ನವನ್ನು ಸಂಪಾದಿಸಿಕೊಳ್ಳುವ ಒಬ್ಬ ಗೃಹಸ್ಥನು ಈ ಊರಿನ ಅಂಚಿನಲ್ಲಿ ಮೂವತ್ತು ಅಡಿ ಅಗಲ ನಲವತ್ತು ಅಡಿ ಉದ್ದದ ಒಂದು ಪ್ಲಾಟನ್ನು ತನ್ನದೆಂದು ಹೇಳಿಕೊಳ್ಳಬೇಕಾದರೆ, ಆತನ ಒಂಟಿ ಗಳಿಕೆಗೆ ಅದು ನಿಲುಕದ ಮಾತಾದ್ದರಿಂದ, ತನ್ನಂಥವರು ನೂರಾರು ಮಂದಿ ಕೂಡಿ ಕಟ್ಟಿಕೊಂಡ ಗೃಹ ನಿರ್ಮಾಣ ಸಹಕಾರ ಸಂಘವೊಂದರ ಸದಸ್ಯನಾಗಿ, ಕಂತುಕಂತಾಗಿ ಹಣ ತುಂಬಿ, ವರ್ಷಗಟ್ಟಲೆ ಕಾಯುವುದೇ ಆತನಿಗೆ ಉಳಿದಿರತಕ್ಕ ಗೌರವದ ಮಾರ್ಗವಾಗಿದೆ. ಆ ಕಾಯುವಿಕೆಯ ಕೊನೆಗೆ ಪ್ಲಾಟಿಗೆ ಬದಲಾಗಿ ವ್ಯಾಜ್ಯವೊಂದು ಕೈಗೆ ಬಂದಾಗ ಆತನು ನಮ್ಮಂಥ ವಕೀಲರ ಬಳಿಗೆ ಬಂದು ಕೇಳುವ ಪ್ರಶ್ನೆ, ನ್ಯಾಯ ತನ್ನ ಕಡೆಗಿದೆಯೋ ಇಲ್ಲವೋ ಎಂಬುದು. ಆದರೆ ನಾವು ಮೊದಲು ಉತ್ತರಿಸಬೇಕಾಗಿರುವುದು ಆ ಪ್ರಶ್ನೆಗಲ್ಲ. ಈ ವ್ಯಾಜ್ಯವನ್ನು ವಿಚಾರಿಸುವ ಅಧಿಕಾರ ಯಾರಿಗಿದೆ, ಸಿವಿಲ್ ನ್ಯಾಯಾಧೀಶರಿಗೋ, ಸಹಕಾರ ಸಂಘಗಳ ನಿಬಂಧಕರಿಗೋ, ಕಂದಾಯದ ಅಧಿಕಾರಿಗೋ, ಗ್ರಾಹಕರ ಆಯೋಗಕ್ಕೋ, ಉಚ್ಚ ನ್ಯಾಯಾಲಯಕ್ಕೋ ಎಂಬುದು ಮೊದಲು ತೀರ್ಮಾನವಾಗಬೇಕು. ಈ ಪ್ರಶ್ನೆಯನ್ನೇ ನ್ಯಾಯಾಧಿಕಾರದ ಪ್ರಶ್ನೆ ಎನ್ನುವುದು. ಮತ್ತು ಇದನ್ನೇ ಈ ಸಂಜೆಯ ವಿಷಯವನ್ನಾಗಿ ನಾನು ಆರಿಸಿಕೊಂಡಿದ್ದೇನೆ. ವಿಷಯ ಶುಷ್ಕವೆಂದು ತೋರಿದರೂ, ಎಷ್ಟೋ ಸಂಸಾರಗಳ ಹತ್ತು ಹನ್ನೆರಡು ವರ್ಷಗಳು ಈ ಒಂದು ಪ್ರಶ್ನೆಯಲ್ಲಿಯೇ ಸವೆದುಹೋಗಿರುವುದನ್ನು ವೃತ್ತಿಯಲ್ಲಿ ಕಣ್ಣಾರೆ ಕಂಡವನಾದ್ದರಿಂದ, ಇದನ್ನು ಕುರಿತು ಸಾರ್ವಜನಿಕರ ಮುಂದೆ ಮಾತನಾಡುವುದು ಕರ್ತವ್ಯವೆಂದೇ ನನ್ನ ಭಾವನೆ.

ಮೊದಲಿಗೆ ಸ್ವಲ್ಪ ಇತಿಹಾಸ. ಸಹಕಾರವೆಂಬುದು ಕನ್ನಡನಾಡಿಗೆ ಹೊರಗಿನಿಂದ ಬಂದು ನಿಂತ ಅತಿಥಿಯಲ್ಲ. 1904ರ ಸಹಕಾರಿ ಪತ್ತಿನ ಸಂಘಗಳ ಶಾಸನ ಜಾರಿಗೆ ಬಂದ ಮರುವರ್ಷವೇ, ಅಂದರೆ 1905ರಲ್ಲಿ, ಗದುಗಿನ ಸಮೀಪದ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ರೈತರ ಪತ್ತಿನ ಸಂಘವನ್ನು ಸ್ಥಾಪಿಸಿದರು. 1909ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದ ಕಟ್ಟಡ ಸಹಕಾರ ಸಂಘವನ್ನು ಭಾರತದಲ್ಲಿಯೇ ಮೊದಲನೆಯ ಗೃಹ ಸಹಕಾರ ಸಂಸ್ಥೆಯೆಂದು ಗಣಿಸುತ್ತಾರೆ. ಮುಂಬಯಿಗೆ ಉದ್ಯೋಗಕ್ಕೆಂದು ಹೋಗಿ ಬಾಡಿಗೆಯ ಕೊಠಡಿಗಳಲ್ಲಿ ತೊಳಲುತ್ತಿದ್ದ ಕೆನರಾ ಸಾರಸ್ವತರು, ಶ್ರೀಪಾದ ಸುಬ್ಬರಾವ್ ತಲ್ಮಕಿ ಅವರ ನೇತೃತ್ವದಲ್ಲಿ, 1915ರಲ್ಲಿ ಗಾಮದೇವಿಯಲ್ಲಿ ತಮ್ಮದೇ ಗೃಹ ಸಹಕಾರ ಸಂಘವನ್ನು ಕಟ್ಟಿಕೊಂಡರು. ನಮ್ಮ ಬಳ್ಳಾರಿಯಾದರೋ ಆಗ ಮದರಾಸು ಪ್ರಾಂತಕ್ಕೆ ಸೇರಿತ್ತು. ಇಲ್ಲಿನ ಸಂಘಗಳು 1932ರ ಮದರಾಸು ಸಹಕಾರ ಸಂಘಗಳ ಅಧಿನಿಯಮಕ್ಕೆ ಒಳಪಟ್ಟಿದ್ದವು. 1953ರ ಅಕ್ಟೋಬರ್ 1ರಂದು ನಾವು ಮೈಸೂರು ರಾಜ್ಯದೊಡನೆ ಸೇರಿದೆವು. ಕೆಲವು ವರ್ಷಗಳ ಬಳಿಕ, ಏಕೀಕೃತ ರಾಜ್ಯಕ್ಕೆಲ್ಲ ಒಂದೇ ಆಗಿ 1959ರ ಸಹಕಾರ ಸಂಘಗಳ ಅಧಿನಿಯಮ ರಚಿತವಾಗಿ, 1960ರ ಜೂನ್ 1ರಿಂದ ಜಾರಿಗೆ ಬಂದಿತು. ಇಂದಿಗೂ ನಮ್ಮನ್ನು ಆಳುತ್ತಿರುವುದು ಅನೇಕ ತಿದ್ದುಪಡಿಗಳನ್ನು ಹೊತ್ತ ಅದೇ ಶಾಸನ.

ಸಹಕಾರ ಶಾಸನಗಳ ಹುಟ್ಟಿನಿಂದಲೂ ಒಂದು ಸದ್ಭಾವನೆ ಅವುಗಳಲ್ಲಿ ಹರಿದುಬಂದಿದೆ. ಅದಾವುದೆಂದರೆ, ಪರಸ್ಪರ ವಿಶ್ವಾಸದಿಂದ ಒಟ್ಟುಗೂಡಿದ ಬಡವರು ತಮ್ಮೊಳಗಿನ ಮನಸ್ತಾಪಗಳಿಗಾಗಿ ನ್ಯಾಯಾಲಯದ ಶುಲ್ಕವನ್ನೂ ವಕೀಲರ ಫೀಜನ್ನೂ ತೆತ್ತು, ವಾಯಿದೆಯ ಮೇಲೆ ವಾಯಿದೆ ಪಡೆದು ಬಳಲಬಾರದು. ಸಂಘದ ಸ್ವರೂಪವನ್ನೂ ಉಪವಿಧಿಗಳನ್ನೂ ಬಲ್ಲ ನಿಬಂಧಕರೇ ಅಂಥ ವಿವಾದಗಳನ್ನು ಅಲ್ಪಕಾಲದಲ್ಲಿ, ಅಲ್ಪವ್ಯಯದಲ್ಲಿ ಇತ್ಯರ್ಥಗೊಳಿಸಬೇಕು ಎಂಬುದು. ಸಂಘದ ವ್ಯವಹಾರಕ್ಕೆ ಸಂಬಂಧಪಟ್ಟ ವಿವಾದಗಳನ್ನು ನಿಬಂಧಕರಿಗೆ ಒಪ್ಪಿಸುವಂತೆ ನಿಯಮ ಮಾಡುವ ಅಧಿಕಾರವನ್ನು 1912ರ ಸಹಕಾರ ಸಂಘಗಳ ಶಾಸನವೇ ಕೊಟ್ಟಿತ್ತು. ಆ ಉದ್ದೇಶದ ಶುದ್ಧತೆಯಲ್ಲಿ ನನಗೆ ಲೇಶಮಾತ್ರವೂ ಸಂದೇಹವಿಲ್ಲ. ಮುಂದೆ ನಾನು ಹೇಳುವ ಟೀಕೆಗಳನ್ನು ಈ ಮಾತಿನೊಡನೆ ಸೇರಿಸಿಯೇ ಗ್ರಹಿಸಬೇಕೆಂದು ಪ್ರಾರ್ಥಿಸುತ್ತೇನೆ.

ಈಗ ಕಾನೂನಿನ ಚೌಕಟ್ಟಿಗೆ ಬರೋಣ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 9ನೆಯ ಕಲಮಿನ ಪ್ರಕಾರ, ಸ್ಪಷ್ಟವಾಗಿಯಾಗಲಿ ಗರ್ಭಿತವಾಗಿಯಾಗಲಿ ನಿಷೇಧವಿಲ್ಲದಿದ್ದರೆ, ಸಿವಿಲ್ ಸ್ವರೂಪದ ಎಲ್ಲ ದಾವೆಗಳನ್ನೂ ವಿಚಾರಿಸುವ ಅಧಿಕಾರ ಸಿವಿಲ್ ನ್ಯಾಯಾಲಯಗಳಿಗೆ ಉಂಟು. ಇದು ಸಾಮಾನ್ಯ ವಿಧಿ. ಇದಕ್ಕೆ ಅಪವಾದವಾಗಿ ಕರ್ನಾಟಕ ಸಹಕಾರ ಸಂಘಗಳ ಅಧಿನಿಯಮದ 70ನೆಯ ಕಲಮು, ಸಹಕಾರ ಸಂಘವೊಂದರ ರಚನೆ, ಆಡಳಿತ ಅಥವಾ ವ್ಯವಹಾರಕ್ಕೆ ಸಂಬಂಧಿಸಿದ ವಿವಾದವು ಸದಸ್ಯ ಸದಸ್ಯರೊಳಗೆ, ಅಥವಾ ಸದಸ್ಯನಿಗೂ ಸಂಘಕ್ಕೂ ನಡುವೆ, ಅಥವಾ ಸಂಘಕ್ಕೂ ಅದರ ಅಧಿಕಾರಿ, ಏಜೆಂಟ್, ನೌಕರರಿಗೂ ನಡುವೆ, ಅಥವಾ ಒಂದು ಸಂಘಕ್ಕೂ ಇನ್ನೊಂದು ಸಂಘಕ್ಕೂ ನಡುವೆ ಉದ್ಭವಿಸಿದರೆ ಅದನ್ನು ನಿಬಂಧಕರಿಗೇ ಒಪ್ಪಿಸತಕ್ಕದ್ದೆಂದು ವಿಧಿಸಿ, ಸಿವಿಲ್ ನ್ಯಾಯಾಲಯವೂ ಕಂದಾಯ ನ್ಯಾಯಾಲಯವೂ ಅಂಥ ವಿವಾದಕ್ಕೆ ಕೈಹಾಕಲಾಗದೆಂದು ಸಾರುತ್ತದೆ. 118ನೆಯ ಕಲಮು ಆ ನಿಷೇಧವನ್ನೇ ಮತ್ತೊಮ್ಮೆ ದೃಢಪಡಿಸುತ್ತದೆ. ಓದುವಾಗ ಒಂದೇ ಗೋಡೆಯಂತೆ ಕಾಣುವ ಈ ವಿಧಿಯಲ್ಲಿ ವಾಸ್ತವವಾಗಿ ಎರಡು ಪರೀಕ್ಷೆಗಳಿವೆ: ವಿವಾದದ ವಿಷಯ ಯಾವುದು ಎಂಬುದು ಒಂದು, ವಿವಾದಿಗಳು ಯಾರು ಎಂಬುದು ಇನ್ನೊಂದು. ಎರಡರಲ್ಲಿಯೂ ಉತ್ತೀರ್ಣವಾದ ವಿವಾದ ಮಾತ್ರ ನಿಬಂಧಕರ ಬಳಿಗೆ ಹೋಗತಕ್ಕದ್ದು. ಒಂದರಲ್ಲಿ ತಪ್ಪಿದರೂ ಸಿವಿಲ್ ನ್ಯಾಯಾಲಯದ ಬಾಗಿಲು ತೆರೆದೇ ಇರುತ್ತದೆ. ಈ ಎರಡನೆಯ ಮಾತನ್ನು ಮರೆತು, ಪ್ರತಿವಾದಿಯ ಹೆಸರಿನ ಕೊನೆಗೆ ‘ಸಹಕಾರ ಸಂಘ ನಿಯಮಿತ’ ಎಂದು ಕಂಡೊಡನೆಯೇ 70ನೆಯ ಕಲಮನ್ನು ಎತ್ತಿಹಿಡಿಯುವುದು ನಮ್ಮ ವೃತ್ತಿಯಲ್ಲಿ ಬೇರೂರಿರತಕ್ಕ ಒಂದು ದುರಭ್ಯಾಸ.

‘ವ್ಯವಹಾರ’ವೆಂದರೆ ಏನೆಂಬುದನ್ನು ಸರ್ವೋಚ್ಚ ನ್ಯಾಯಾಲಯವು ಡೆಕ್ಕನ್ ಮರ್ಚೆಂಟ್ಸ್ ಸಹಕಾರಿ ಬ್ಯಾಂಕಿನ ಪ್ರಸಿದ್ಧವಾದ ಮೊಕದ್ದಮೆಯಲ್ಲಿ ಕೂಲಂಕಷವಾಗಿ ವಿವೇಚಿಸಿದೆ, 1969ರ ತೀರ್ಪಿನ ವರದಿಗಳಲ್ಲಿ ಅದು ಪ್ರಕಟವಾಗಿದೆ. ಮಹಾರಾಷ್ಟ್ರದ ಶಾಸನವನ್ನು ಕುರಿತ ತೀರ್ಪಾದರೂ ಅಲ್ಲಿನ ಶಬ್ದಗಳೂ ನಮ್ಮ ಶಬ್ದಗಳೂ ಬಹುಮಟ್ಟಿಗೆ ಸಮಾನ. ಬ್ಯಾಂಕೊಂದು ತನ್ನ ವಶಕ್ಕೆ ಬಂದ ಕಟ್ಟಡದಲ್ಲಿದ್ದ ಬಾಡಿಗೆದಾರನನ್ನು ತೆರವುಗೊಳಿಸಲು ನಿಬಂಧಕರ ಮಾರ್ಗವನ್ನು ಹಿಡಿದಿತ್ತು. ಸಂಘವು ತನ್ನ ಉಪವಿಧಿಗಳಿಗೆ ಅನುಗುಣವಾಗಿ ನಡೆಸತಕ್ಕ ವಾಸ್ತವಿಕ ವಾಣಿಜ್ಯ ಚಟುವಟಿಕೆಯೇ ಅದರ ‘ವ್ಯವಹಾರ’. ಸಂಘವೊಂದು ಮಾಡುವ ಪ್ರತಿಯೊಂದು ಕೆಲಸವೂ ವ್ಯವಹಾರವಾಗಲಾರದು. ಸಾಲ ಕೊಡುವ ಬ್ಯಾಂಕಿಗೆ ಕಟ್ಟಡವನ್ನು ಬಾಡಿಗೆಗೆ ಕೊಡುವುದು ವ್ಯವಹಾರವಲ್ಲ ಎಂದು ನ್ಯಾಯಾಲಯ ತೀರ್ಮಾನಿಸಿತು. ಆದರೆ 1982ರಲ್ಲಿ ಮುಂಬಯಿಯ ಗೃಹ ಸಹಕಾರ ಸಂಘವೊಂದರ ಮೊಕದ್ದಮೆ ಬಂದಾಗ ಅದೇ ಅಳತೆಗೋಲು ಬೇರೆ ಫಲವನ್ನು ಕೊಟ್ಟಿತು. ಸದಸ್ಯರಿಗೆ ವಸತಿಯನ್ನು ಒದಗಿಸುವುದೇ ಗೃಹ ಸಂಘದ ವ್ಯವಹಾರವಾದ್ದರಿಂದ, ಸದಸ್ಯನೊಬ್ಬನ ಮೂಲಕ ಫ್ಲಾಟಿನೊಳಗೆ ಬಂದು, ನಾಮಮಾತ್ರ ಸದಸ್ಯತ್ವವನ್ನೂ ಪಡೆದು ಕುಳಿತವನನ್ನು ಹೊರಡಿಸುವ ವಿವಾದವು ವ್ಯವಹಾರಕ್ಕೆ ಸಂಬಂಧಿಸಿದ್ದೇ ಎಂದು ಆಗ ಹೇಳಲಾಯಿತು. ಬ್ಯಾಂಕಿಗೆ ಹೊರಗಾದದ್ದು ಗೃಹ ಸಂಘಕ್ಕೆ ಒಳಗಾದೀತು ಎಂಬ ಈ ವಿವೇಕವನ್ನು ಹಿಡಿದುಕೊಂಡೇ ನಾವು ಭೂಮಿಯ ಕ್ರಯವಿಕ್ರಯದತ್ತ ತಿರುಗಬೇಕು.

ನಿದರ್ಶನಕ್ಕಾಗಿ ಒಂದು ಸಂಗತಿಯನ್ನು ಕಲ್ಪಿಸಿಕೊಳ್ಳೋಣ. ಕುರುಗೋಡಿಗೆ ಹೋಗುವ ದಾರಿಯ ಬದಿಯಲ್ಲಿ ಒಬ್ಬ ರೈತನಿಗೆ ಐದೆಕರೆ ಎರೆಹೊಲವಿದೆ. ಬಳ್ಳಾರಿಯ ಗೃಹ ನಿರ್ಮಾಣ ಸಹಕಾರ ಸಂಘವೊಂದು ಅದನ್ನು ಕೊಳ್ಳಲು ಕರಾರು ಮಾಡಿಕೊಂಡು ಮುಂಗಡ ಕೊಡುತ್ತದೆ, ಸದಸ್ಯರಿಂದ ಹಣ ಸಂಗ್ರಹಿಸುತ್ತದೆ, ಭೂಪರಿವರ್ತನೆಗೂ ನಗರಾಭಿವೃದ್ಧಿ ಪ್ರಾಧಿಕಾರದ ನಕ್ಷೆಯ ಮಂಜೂರಾತಿಗೂ ಅರ್ಜಿ ಹಾಕುತ್ತದೆ, ಪ್ಲಾಟುಗಳನ್ನು ಹಂಚುತ್ತದೆ, ಹಂಚಿಕೆ ಪಡೆದವರಲ್ಲಿ ಕೆಲವರು ತಮ್ಮ ಪ್ಲಾಟನ್ನು ಪರರಿಗೆ ಮಾರುತ್ತಾರೆ. ಹೊಲವೊಂದೇ, ಮಣ್ಣೊಂದೇ, ಆದರೆ ರೈತನ ಕೈಯಿಂದ ಕೊನೆಯ ಕ್ರಯದಾರನ ಕೈಗೆ ಬರುವಷ್ಟರಲ್ಲಿ ಅದರ ಮೇಲಿನ ವ್ಯಾಜ್ಯ ಐದಾರು ಅಧಿಕಾರಸ್ಥಾನಗಳ ಸೀಮೆಯನ್ನು ದಾಟಿರುತ್ತದೆ.

ಮೊದಲನೆಯ ಕೊಂಡಿ ರೈತನಿಗೂ ಸಂಘಕ್ಕೂ ನಡುವಿನದು. ರೈತ ಸಂಘದ ಸದಸ್ಯನಲ್ಲ. ಕರಾರಿನಂತೆ ಕ್ರಯಪತ್ರವನ್ನು ಬರೆದುಕೊಡಲು ಆತನು ಒಪ್ಪದಿದ್ದರೆ ಸಂಘವೂ, ಉಳಿದ ಹಣ ಬಾರದಿದ್ದರೆ ರೈತನೂ ಹೋಗಬೇಕಾದದ್ದು ಸಿವಿಲ್ ನ್ಯಾಯಾಲಯಕ್ಕೇ. ಭೂಮಿಯನ್ನು ಕೊಳ್ಳುವುದು ಗೃಹ ಸಂಘದ ವ್ಯವಹಾರದ ಒಂದು ಅಂಗವೆಂದು ಒಪ್ಪಿದರೂ ಎರಡನೆಯ ಪರೀಕ್ಷೆಯಲ್ಲಿ, ಅಂದರೆ ವಿವಾದಿಗಳು ಯಾರೆಂಬ ಪರೀಕ್ಷೆಯಲ್ಲಿ, 70ನೆಯ ಕಲಮು ಇಲ್ಲಿ ಸಲ್ಲುವುದಿಲ್ಲ. ಸ್ಥಿರಾಸ್ತಿಯ ದಾವೆಯನ್ನು ಆಸ್ತಿಯಿರುವ ಸೀಮೆಯ ನ್ಯಾಯಾಲಯದಲ್ಲಿಯೇ ಹೂಡಬೇಕೆಂಬುದು ಸಂಹಿತೆಯ 16ನೆಯ ಕಲಮಿನ ವಿಧಿ. ಕರಾರಿನ ನಿರ್ದಿಷ್ಟ ಪಾಲನೆಗೆ ಕಾಲಪರಿಮಿತಿ ಮೂರು ವರ್ಷ. ಇಷ್ಟರವರೆಗೆ ಎಲ್ಲವೂ ನೇರ. ಆದರೆ ರೈತನಿಗೆ ಗೊತ್ತಿಲ್ಲದ ಒಂದು ಹಳ್ಳ ಇಲ್ಲಿ ಉಂಟು. ಸಂಘದ ರಚನೆ, ಆಡಳಿತ, ವ್ಯವಹಾರಗಳಿಗೆ ಸಂಬಂಧಿಸಿದ ಕೃತ್ಯವನ್ನು ಕುರಿತು ಸಂಘದ ಮೇಲೆ ದಾವೆ ಹೂಡುವ ಮುನ್ನ ನಿಬಂಧಕರಿಗೆ ಲಿಖಿತ ನೋಟೀಸು ಕೊಟ್ಟು ಎರಡು ತಿಂಗಳು ಕಾಯತಕ್ಕದ್ದೆಂದು ಅಧಿನಿಯಮದ 125ನೆಯ ಕಲಮು ಹೇಳುತ್ತದೆ. ನ್ಯಾಯಾಲಯ ಸಿವಿಲ್ ನ್ಯಾಯಾಲಯವೇ ಆದರೂ, ನಿಬಂಧಕರಿಗೆ ತಿಳಿಸಿರಬೇಕೆಂಬುದು ವಿಧಿ. ಸಂಘಕ್ಕೆ ನೋಟೀಸು ಕಳುಹಿಸಿ ನಿಬಂಧಕರಿಗೆ ಕಳುಹಿಸದೆ ದಾವೆ ಹೂಡಿದ ರೈತನು, ನ್ಯಾಯ ಪೂರ್ಣವಾಗಿ ತನ್ನ ಕಡೆಗಿದ್ದರೂ, ಈ ಒಂದೇ ಆಕ್ಷೇಪಣೆಗೆ ಸಿಕ್ಕಿ ನರಳುವುದುಂಟು. ಕಾಗದದ ಒಂದು ಹಾಳೆಯೂ ನೋಂದಾಯಿತ ಅಂಚೆಯ ವೆಚ್ಚವೂ ಎಷ್ಟು ಮಹಾ! ಆದುದರಿಂದ ಈ ಸಭೆಯಲ್ಲಿರುವ ಕಿರಿಯ ವಕೀಲರಿಗೆ ನನ್ನ ವಿಜ್ಞಾಪನೆಯೇನೆಂದರೆ, ನೋಟೀಸು ಅವಶ್ಯಕವೋ ಅಲ್ಲವೋ ಎಂಬ ತರ್ಕವನ್ನು ಮೇಲ್ಮನವಿಗೆ ಬಿಟ್ಟು, ಅದನ್ನು ಕೊಟ್ಟೇ ದಾವೆ ಹೂಡಿರಿ.

ಇದಕ್ಕಿಂತ ಸೂಕ್ಷ್ಮವಾದ ಇನ್ನೊಂದು ಸಂಗತಿ. ಹೊಲವನ್ನು ಕೊಳ್ಳುವಾಗ ರೈತನಿಗೂ ಒಂದು ಷೇರು ಕೊಟ್ಟು, ಬಡಾವಣೆಯಲ್ಲಿ ಎರಡು ಪ್ಲಾಟುಗಳ ಆಶೆ ತೋರಿಸಿ, ಆತನನ್ನು ಸದಸ್ಯನನ್ನಾಗಿ ದಾಖಲಿಸಿಕೊಂಡರೆ ಗತಿಯೇನು? ಆಗ ಸಂಘವು, ಈತನು ಸದಸ್ಯ, ಭೂಮಿಯ ಖರೀದಿ ನಮ್ಮ ವ್ಯವಹಾರ, ಆದಕಾರಣ ನಿಬಂಧಕರ ಬಳಿಗೆ ಹೋಗಲಿ ಎಂದು ವಾದಿಸಬಲ್ಲುದು. ನನ್ನ ಅಭಿಪ್ರಾಯದಲ್ಲಿ ಈ ವಾದ ನಿಲ್ಲತಕ್ಕದ್ದಲ್ಲ. ರೈತನು ತನ್ನ ಹೊಲವನ್ನು ಮಾರಿದ್ದು ಸದಸ್ಯನೆಂಬ ಹಕ್ಕಿನಿಂದಲ್ಲ, ಮಾಲೀಕನೆಂಬ ಹಕ್ಕಿನಿಂದ. ವಿವಾದಕ್ಕೂ ಸದಸ್ಯತ್ವಕ್ಕೂ ನಡುವೆ ಜೀವಂತವಾದ ಸಂಬಂಧವಿದ್ದಾಗ ಮಾತ್ರ 70ನೆಯ ಕಲಮಿಗೆ ಅರ್ಥ. ಹತ್ತೋ ನೂರೋ ರೂಪಾಯಿಯ ಷೇರಿನ ಬೆಲೆಗೆ ಒಬ್ಬ ಮನುಷ್ಯನು ನ್ಯಾಯಾಲಯಕ್ಕೆ ಹೋಗುವ ತನ್ನ ಸಾಮಾನ್ಯ ಹಕ್ಕನ್ನು ಮಾರಿಕೊಂಡನೆಂದು ಭಾವಿಸುವುದು ಶಾಸನಕರ್ತರ ಇಂಗಿತಕ್ಕೆ ವಿರುದ್ಧ.

ಕೃಷಿಭೂಮಿಯೆಂಬ ಕಾರಣದಿಂದ ಬರುವ ತೊಡಕುಗಳೂ ಅಲ್ಪವಲ್ಲ. 1961ರ ಭೂಸುಧಾರಣಾ ಅಧಿನಿಯಮದ 79-ಬಿ ಕಲಮು, ಸಹಕಾರಿ ಬೇಸಾಯ ಸಂಘವೊಂದನ್ನು ಬಿಟ್ಟು, ಬೇರಾವ ಸಹಕಾರ ಸಂಘವೂ ಕೃಷಿಭೂಮಿಯನ್ನು ಹೊಂದಿರಲಾಗದೆಂದು ಬಹುಕಾಲ ನಿಷೇಧಿಸಿತ್ತು. 2020ರ ತಿದ್ದುಪಡಿಯಿಂದ ಆ ಕಲಮು ಶಾಸನದಿಂದ ಹೊರಟುಹೋಯಿತು.  ಗೇಣಿದಾರನೆಂದು ಯಾರಾದರೂ ಎದ್ದು ನಿಂತರೆ, ಗೇಣಿಯ ಪ್ರಶ್ನೆಯಷ್ಟನ್ನು ಸಿವಿಲ್ ನ್ಯಾಯಾಲಯ ತಾನೇ ತೀರ್ಮಾನಿಸದೆ ಭೂನ್ಯಾಯ ಮಂಡಳಿಗೆ ಒಪ್ಪಿಸಬೇಕಾಗುತ್ತದೆ. ಇಂಥ ಸಂದರ್ಭದಲ್ಲಿ ದಾವೆ ಒಂದೆಡೆ, ಅದರೊಳಗಿನ ಒಂದು ಪ್ರಶ್ನೆ ಇನ್ನೊಂದೆಡೆ. ಮುಂಬಯಿ ಪ್ರಾಂತದ ಗೇಣಿ ಶಾಸನದಡಿ ಬಂದ ಮೊಕದ್ದಮೆಯೊಂದರಲ್ಲಿ ಸರ್ವೋಚ್ಚ ನ್ಯಾಯಾಲಯವು 1979ರಲ್ಲಿ ಇದನ್ನೇ ವಿಧಿಸಿತು. ಕೃಷಿಭೂಮಿಯ ಕರಾರಿನ ನಿರ್ದಿಷ್ಟ ಪಾಲನೆಗೆ ದಾವೆ ಹೂಡಿದಾಗ, ಕೊಳ್ಳುವವನು ಕೃಷಿಕನೇ ಅಲ್ಲವೇ ಎಂಬ ಪ್ರಶ್ನೆಯನ್ನು ಕಂದಾಯದ ಅಧಿಕಾರಿಯೇ ನಿರ್ಣಯಿಸಬೇಕು, ಸಿವಿಲ್ ನ್ಯಾಯಾಲಯವಲ್ಲ ಎಂದು. ಪಹಣಿಯ ತಿದ್ದುಪಡಿ, ಖಾತೆಯ ಬದಲಾವಣೆಗಳು 1964ರ ಭೂಕಂದಾಯ ಅಧಿನಿಯಮದ ಪ್ರಕಾರ ತಹಶೀಲ್ದಾರರಿಂದ ಉಪವಿಭಾಗಾಧಿಕಾರಿಗಳಿಗೆ, ಅಲ್ಲಿಂದ ಜಿಲ್ಲಾಧಿಕಾರಿಗಳಿಗೆ ಹೋಗತಕ್ಕವು. ಅಲ್ಲಿ ಸ್ವತ್ತಿನ ಹಕ್ಕು ನಿರ್ಣಯವಾಗುವುದಿಲ್ಲವೆಂಬುದನ್ನು ಮಾತ್ರ ನೆನಪಿನಲ್ಲಿಟ್ಟುಕೊಳ್ಳಬೇಕು.

ರೈತನು ಸ್ವಇಚ್ಛೆಯಿಂದ ಮಾರಿದ ಭೂಮಿಯ ಮಾತಾಯಿತು. ಆದರೆ ಸಂಘಗಳಿಗೆ ಭೂಮಿ ಬರುವ ಇನ್ನೊಂದು ಮಾರ್ಗವಿತ್ತು. ಸಂಘಕ್ಕೋಸ್ಕರ ಸರ್ಕಾರವೇ 1894ರ ಭೂಸ್ವಾಧೀನ ಶಾಸನದಡಿ ಬಲವಂತವಾಗಿ ಭೂಮಿಯನ್ನು ವಶಪಡಿಸಿಕೊಂಡು ಕೊಡುವುದು. ಬೆಂಗಳೂರಿನ ಸುತ್ತಮುತ್ತ ಎಂಬತ್ತರ ದಶಕದಲ್ಲಿ ಈ ಮಾರ್ಗವು ಹೆದ್ದಾರಿಯಾಗಿಬಿಟ್ಟಿತ್ತು. ಅಲ್ಲಿನ ಸಂಘಗಳ ನಡವಳಿಕೆಯನ್ನು ಜಿ.ವಿ.ಕೆ. ರಾವ್ ಅವರ ಸಮಿತಿಯು ವಿಚಾರಿಸಿ ವರದಿಯನ್ನು ಒಪ್ಪಿಸಿತು. ಎಚ್.ಎಂ.ಟಿ. ಗೃಹ ನಿರ್ಮಾಣ ಸಹಕಾರ ಸಂಘದ ಮೊಕದ್ದಮೆಯಲ್ಲಿ, 1995ರಲ್ಲಿ, ಸರ್ವೋಚ್ಚ ನ್ಯಾಯಾಲಯವು ಇಡೀ ಸ್ವಾಧೀನವನ್ನೇ ರದ್ದುಗೊಳಿಸಿದ್ದನ್ನು ಎತ್ತಿಹಿಡಿಯಿತು. ಶಾಸನವು ಅಪೇಕ್ಷಿಸುವಂತೆ ವಸತಿ ಯೋಜನೆಯೊಂದಕ್ಕೆ ಸರ್ಕಾರದ ಪೂರ್ವಾನುಮೋದನೆ ಇರಲಿಲ್ಲ. ಮತ್ತು ಸ್ವಾಧೀನದ ಅಧಿಸೂಚನೆಗಳನ್ನು ಹೊರಡಿಸಿಕೊಡುವ ಕೆಲಸವನ್ನು ಸಂಘವು ಹಣ ತೆತ್ತು ಮಧ್ಯವರ್ತಿಗೆ ಒಪ್ಪಿಸಿತ್ತು. ಸದಸ್ಯರು ತುಂಬಿದ ಹಣ ಸರ್ಕಾರದ ಅಧಿಕಾರವನ್ನು ಬಾಡಿಗೆಗೆ ಪಡೆಯಲು ವಿನಿಯೋಗವಾಗುವುದನ್ನು ಕಂಡ ಮೇಲೆ ನ್ಯಾಯಾಲಯಕ್ಕೆ ಬೇರೆ ದಾರಿಯಿರಲಿಲ್ಲ. ಬೆಂಗಳೂರು ಸಿಟಿ ಸಹಕಾರ ಗೃಹ ಸಂಘದ ಮೊಕದ್ದಮೆಯಲ್ಲಿ 2012ರಲ್ಲಿಯೂ ಇದೇ ಜಾಡಿನ ತೀರ್ಪು ಬಂದಿತು. ನಮ್ಮ ವಿಷಯಕ್ಕೆ ಇಲ್ಲಿ ಮುಖ್ಯವಾದದ್ದು ಮತ್ತೊಂದು. ಈ ರೈತರು ಹೋದದ್ದು ಸಿವಿಲ್ ನ್ಯಾಯಾಲಯಕ್ಕಲ್ಲ, ಸಂವಿಧಾನದ 226ನೆಯ ಅನುಚ್ಛೇದದಡಿ ಉಚ್ಚ ನ್ಯಾಯಾಲಯಕ್ಕೆ. ಸ್ವಾಧೀನದ ಸಿಂಧುತ್ವವನ್ನು ಸಿವಿಲ್ ನ್ಯಾಯಾಲಯ ಪರಿಶೀಲಿಸಲಾಗದೆಂದು ಬೆಂಗಳೂರು ಅಭಿವೃದ್ಧಿ ಪ್ರಾಧಿಕಾರದ ಮೊಕದ್ದಮೆಯೊಂದರಲ್ಲಿ 2013ರಲ್ಲಿ ಮತ್ತೆ ಸ್ಪಷ್ಟಪಡಿಸಲಾಗಿದೆ. ಬಳ್ಳಾರಿ ಸೀಮೆಯವರಿಗೆ ಆ ಬಾಗಿಲು ಧಾರವಾಡದಲ್ಲಿದೆ. 2008ರಲ್ಲಿ ಸಂಚಾರಿ ಪೀಠವಾಗಿ ಆರಂಭವಾಗಿ 2013ರಲ್ಲಿ ಕಾಯಂ ಆದ ಪೀಠ ಅದು. ಹೀಗೆ, ಒಂದೇ ಸಂಘದ ಒಂದೇ ಬಡಾವಣೆಯಲ್ಲಿ ಎಡಗಡೆಯ ಹೊಲ ಕರಾರಿನಿಂದಲೂ ಬಲಗಡೆಯ ಹೊಲ ಸ್ವಾಧೀನದಿಂದಲೂ ಬಂದಿದ್ದರೆ, ನೆರೆಹೊರೆಯ ಇಬ್ಬರು ರೈತರ ನ್ಯಾಯಮಾರ್ಗಗಳು ಆರಂಭದಲ್ಲಿಯೇ ಬೇರೆಬೇರೆಯಾಗಿಬಿಡುತ್ತವೆ.

ಇನ್ನು ಸದಸ್ಯನ ಕಡೆಗೆ ಬರೋಣ. ನನ್ನ ಮೇಜಿನ ಮೇಲೆ ಇಂಥವರು ಬಿಚ್ಚಿಡುವ ಕೈಚೀಲದೊಳಗಿನ ಕಾಗದಗಳು ಸಾಮಾನ್ಯವಾಗಿ ಒಂದೇ ಬಗೆಯವು. ಅಂಚು ಸವೆದ ಷೇರು ಪತ್ರ. ರಬ್ಬರ್ ಮೊಹರಿನ ಮಸಿ ಹರಡಿದ, ಬೇರೆಬೇರೆ ಬಣ್ಣದ ರಸೀದಿಗಳು. ಪ್ಲಾಟಿನ ನಂಬರನ್ನು ಒಮ್ಮೆ ಬರೆದು ಹೊಡೆದು ಇನ್ನೊಂದನ್ನು ಬರೆದ ಹಂಚಿಕೆ ಪತ್ರ. ಕೆಲವರಲ್ಲಿ ಸ್ವಾಧೀನ ಪತ್ರ. ಅದೃಷ್ಟವಂತರಲ್ಲಿ ಮಾತ್ರ ಉಪನೋಂದಣಾಧಿಕಾರಿಗಳ ಕಛೇರಿಯ ಮುದ್ರೆಯುಳ್ಳ ಕ್ರಯಪತ್ರ. ಇವುಗಳಲ್ಲಿ ಕಟ್ಟಕಡೆಯದೊಂದೇ ಸ್ವತ್ತನ್ನು ವರ್ಗಾಯಿಸತಕ್ಕದ್ದು. ಮಾರಾಟದ ಕರಾರು ತಾನಾಗಿಯೇ ಸ್ವತ್ತಿನಲ್ಲಿ ಯಾವ ಹಕ್ಕನ್ನೂ ಹುಟ್ಟಿಸುವುದಿಲ್ಲವೆಂದು 1882ರ ಸ್ವತ್ತು ವರ್ಗಾವಣೆ ಅಧಿನಿಯಮದ 54ನೆಯ ಕಲಮು ಹೇಳಿದೆ. ಮುಖ್ತ್ಯಾರುನಾಮೆಯ ಮೂಲಕ ಮಾರಾಟವಾಯಿತೆಂಬುದು ವರ್ಗಾವಣೆಯೇ ಅಲ್ಲವೆಂದು ಸರ್ವೋಚ್ಚ ನ್ಯಾಯಾಲಯವು 2011ರಲ್ಲಿ ನಿಷ್ಠುರವಾಗಿ ನುಡಿದಿದೆ. ಹಣ ತುಂಬಿಯೂ ಹಂಚಿಕೆಯಾಗದವನು, ಹಂಚಿಕೆಯಾಗಿಯೂ ಕ್ರಯಪತ್ರ ಪಡೆಯದವನು, ಜ್ಯೇಷ್ಠತೆಯನ್ನು ಮೀರಿ ಬೇರೊಬ್ಬ ಸದಸ್ಯನಿಗೆ ತನ್ನ ಪ್ಲಾಟು ಹೋದದ್ದನ್ನು ಪ್ರಶ್ನಿಸುವವನು, ಇವರೆಲ್ಲರ ವಿವಾದವೂ ಸದಸ್ಯನಿಗೂ ಸಂಘಕ್ಕೂ, ಅಥವಾ ಸದಸ್ಯ ಸದಸ್ಯರಿಗೂ ನಡುವಿನದು. ವಸತಿಯ ಹಂಚಿಕೆಯೆಂಬ ಸಂಘದ ಹೃದಯಸ್ಥಾನದ ವ್ಯವಹಾರಕ್ಕೆ ಸೇರಿದ್ದು. ಇಲ್ಲಿ ನಿಬಂಧಕರ ಮಾರ್ಗವೇ ಸರಿಯಾದ ಮಾರ್ಗ. ಸಹಕಾರ ಸಂಘಗಳ ಅಧಿನಿಯಮದ 71ನೆಯ ಕಲಮಿನಂತೆ ನಿಬಂಧಕರು ತಾವೇ ವಿಚಾರಿಸಬಹುದು, ಇಲ್ಲವೆ ಬೇರೊಬ್ಬರಿಗೆ ವಹಿಸಬಹುದು. ಅಲ್ಲಿನ ತೀರ್ಪಿನ ಮೇಲೆ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿಗೆ ಹೋಗುವ ಅವಕಾಶವಿದೆ.

ಆದರೆ ಒಂದೇ ಪ್ಲಾಟನ್ನು ಸಂಘದ ಪದಾಧಿಕಾರಿಗಳು ಮೊದಲು ಸದಸ್ಯನೊಬ್ಬನಿಗೆ ಹಂಚಿ, ಬಳಿಕ ಸದಸ್ಯನಲ್ಲದ ಹೊರಗಿನವನಿಗೆ ನೋಂದಾಯಿತ ಕ್ರಯಪತ್ರದ ಮೂಲಕ ಮಾರಿದಾಗ? ಇದೇ ಈ ಎಲ್ಲ ವಿಚಾರದ ಗಂಟು. ಹೊರಗಿನ ಕ್ರಯದಾರನು 70ನೆಯ ಕಲಮು ಹೆಸರಿಸಿರುವ ಯಾವ ವರ್ಗಕ್ಕೂ ಸೇರತಕ್ಕವನಲ್ಲ. ಆತನನ್ನು ಕಕ್ಷಿಗಾರನನ್ನಾಗಿ ಸೇರಿಸದೆ ಆತನ ಕ್ರಯಪತ್ರವನ್ನು ತಳ್ಳಿಹಾಕುವುದು ನ್ಯಾಯವಲ್ಲ. ಸೇರಿಸಿದರೆ ನಿಬಂಧಕರಿಗೆ ಅಧಿಕಾರವಿಲ್ಲ. ಬಡ ಸದಸ್ಯನಿಗೆ ಒಬ್ಬರು ಹೇಳುವುದು, ನೀನು ಸದಸ್ಯ, ನಿಬಂಧಕರ ಬಳಿ ಹೋಗು ಎಂದು. ಅಲ್ಲಿ ಹೇಳುವುದು, ಸ್ವತ್ತಿನ ಹಕ್ಕಿನ ಪ್ರಶ್ನೆಯಿದೆ, ಮೂರನೆಯವನಿದ್ದಾನೆ, ಸಿವಿಲ್ ಕೋರ್ಟಿಗೆ ಹೋಗು ಎಂದು. ವಿವಾದದ ತಿರುಳು ಹಂಚಿಕೆಯಲ್ಲ, ಸ್ವತ್ತಿನ ಒಡೆತನ. ಅನಿವಾರ್ಯ ಕಕ್ಷಿಗಾರರಲ್ಲಿ ಒಬ್ಬನು ಸಂಘದ ಆವರಣದ ಹೊರಗಿನವನು. ಇಂಥಲ್ಲಿ ವಿವಾದವನ್ನು ತುಂಡುಮಾಡದೆ ಸಮಗ್ರವಾಗಿ ಸಿವಿಲ್ ನ್ಯಾಯಾಲಯವೇ ವಿಚಾರಿಸತಕ್ಕದ್ದೆಂಬುದು ನನ್ನ ಖಚಿತವಾದ ಮತ. ಸಹಕಾರಿಗಳ ನಡುವಿನ ಕಲಹವನ್ನು ಸಹಕಾರದ ಮನೆಯೊಳಗೆ ಪರಿಹರಿಸಲೆಂದು ಹುಟ್ಟಿದ ಕಲಮು, ಸಹಕಾರವನ್ನೇ ತೊರೆದು ಭೂವ್ಯಾಪಾರಿಗಳಂತೆ ವರ್ತಿಸಿದ ಪದಾಧಿಕಾರಿಗಳಿಗೆ ಕವಚವಾಗಬಾರದು.

ಗ್ರಾಹಕರ ಮಾರ್ಗವನ್ನು ಕುರಿತು ಸಂಕ್ಷೇಪವಾಗಿ ಹೇಳುತ್ತೇನೆ. ತಮಿಳುನಾಡಿನ ತಿರುಮುರುಗನ್ ಸಹಕಾರ ಸಂಘದ ಮೊಕದ್ದಮೆಯಲ್ಲಿ, ಸಹಕಾರ ಶಾಸನವು ವಿವಾದಗಳನ್ನು ನಿಬಂಧಕರಿಗೆ ಒಪ್ಪಿಸಿದ್ದರೂ ಗ್ರಾಹಕ ವೇದಿಕೆಯ ಅಧಿಕಾರ ಅದರಿಂದ ಕುಂದುವುದಿಲ್ಲ, ಏಕೆಂದರೆ ಗ್ರಾಹಕ ಶಾಸನದ ಪರಿಹಾರ ಇತರ ಪರಿಹಾರಗಳಿಗೆ ಹೆಚ್ಚುವರಿಯಾದದ್ದು ಎಂದು ಸರ್ವೋಚ್ಚ ನ್ಯಾಯಾಲಯ ಹೇಳಿತು. 2004ರ ವರದಿಗಳಲ್ಲಿರುವ ತೀರ್ಪು ಅದು. 2013ರಲ್ಲಿ ಗೃಹ ಸಹಕಾರ ಸಂಘವೊಂದರ ಸದಸ್ಯರ ದೂರಿನಲ್ಲಿಯೂ ಇದೇ ನ್ಯಾಯವನ್ನು ಅನ್ವಯಿಸಲಾಯಿತು. ಆದರೆ ಎಚ್ಚರವಿರಲಿ. ರಸ್ತೆ, ಚರಂಡಿ, ನೀರು, ದೀಪಗಳನ್ನು ಒದಗಿಸಿ ಬಡಾವಣೆ ಮಾಡಿಕೊಡುವುದು ಸೇವೆ. ಬರಿಯ ಜಮೀನಿನ ತುಂಡನ್ನು ಮಾರುವುದು ಸೇವೆಯಲ್ಲ. ಅಭಿವೃದ್ಧಿಯ ಹೊಣೆಯಿಲ್ಲದ ಶುದ್ಧ ಮಾರಾಟದ ತಕರಾರಿಗೆ ಗ್ರಾಹಕ ಆಯೋಗದಲ್ಲಿ ಸ್ಥಾನವಿಲ್ಲ. ಕೊಟ್ಟ ಮೊಬಲಗು ಐವತ್ತು ಲಕ್ಷ ರೂಪಾಯಿಯನ್ನು ಮೀರದಿದ್ದರೆ ಜಿಲ್ಲಾ ಆಯೋಗದಲ್ಲಿಯೇ ದೂರು ಸಲ್ಲಿಸಬಹುದು. 2016ರ ಸ್ಥಿರಾಸ್ತಿ ನಿಯಂತ್ರಣ ಅಧಿನಿಯಮ, ಅಂದರೆ ಜನರು ‘ರೇರಾ’ ಎನ್ನುವ ಶಾಸನ, ಸದಸ್ಯರಿಗಾಗಿ ಕಟ್ಟಡ ಕಟ್ಟುವ ಪ್ರಾಥಮಿಕ ಗೃಹ ಸಹಕಾರ ಸಂಘವನ್ನೂ ಪ್ರವರ್ತಕನೆಂದೇ ಪರಿಗಣಿಸಿದೆ. ಪ್ಲಾಟುಗಳ ಬಡಾವಣೆಯೂ ಅದರ ವ್ಯಾಪ್ತಿಗೆ ಬರತಕ್ಕದ್ದಾಗಿದ್ದು, ಪ್ರಾಧಿಕಾರ ತೀರ್ಮಾನಿಸತಕ್ಕ ವಿಷಯಗಳಲ್ಲಿ 79ನೆಯ ಕಲಮು ಸಿವಿಲ್ ನ್ಯಾಯಾಲಯವನ್ನು ದೂರವಿಟ್ಟಿದೆ.

ಬಾಗಿಲು ತಪ್ಪಿದವನ ಪಾಡೇನು? ಕಾನೂನು ಆತನ ಬಗ್ಗೆ ಸಂಪೂರ್ಣ ನಿರ್ದಯವಲ್ಲ. ಅಧಿಕಾರವಿಲ್ಲದ ನ್ಯಾಯಾಲಯದಲ್ಲಿ ಸದ್ಭಾವನೆಯಿಂದಲೂ ಶ್ರದ್ಧೆಯಿಂದಲೂ ದಾವೆ ನಡೆಸಿದ ಅವಧಿಯನ್ನು ಕಾಲಪರಿಮಿತಿಯ ಲೆಕ್ಕದಿಂದ ಬಿಡತಕ್ಕದ್ದೆಂದು 1963ರ ಕಾಲಪರಿಮಿತಿ ಅಧಿನಿಯಮದ 14ನೆಯ ಕಲಮು ಹೇಳುತ್ತದೆ. ಆದರೆ ಕಾಲದ ಲೆಕ್ಕ ಕಾಗದದ ಮೇಲೆ ಹಿಂದಕ್ಕೆ ಬಂದರೂ ಮನುಷ್ಯನ ವಯಸ್ಸು ಹಿಂದಕ್ಕೆ ಬರುವುದಿಲ್ಲ. ಪ್ಲಾಟಿನ ಮೇಲೆ ಅಷ್ಟರಲ್ಲಿ ಎದ್ದ ಮನೆಯೂ ಕೆಳಗಿಳಿಯುವುದಿಲ್ಲ. ಇನ್ನು ಸಹಕಾರ ಶಾಸನದಲ್ಲಿಯೇ ಒಂದು ಕೊರತೆಯುಂಟು. ನಿಬಂಧಕರಿಗೆ ಒಪ್ಪಿಸಿದ ವಿವಾದವು ಸಂಘದ ರಚನೆ, ಆಡಳಿತ, ವ್ಯವಹಾರಗಳಿಗೆ ಸಂಬಂಧಿಸಿದ್ದೇ ಎಂಬ ಪ್ರಶ್ನೆ ಎದ್ದರೆ ನಿಬಂಧಕರ ತೀರ್ಮಾನವೇ ಅಂತಿಮವೆಂದು 70ನೆಯ ಕಲಮಿನ ಮೂರನೆಯ ಉಪಕಲಮು ಹೇಳುತ್ತದೆ. ತನ್ನ ಅಧಿಕಾರದ ಎಲ್ಲೆಯನ್ನು ತಾನೇ ಅಂತಿಮವಾಗಿ ಅಳೆದುಕೊಳ್ಳುವ ಅವಕಾಶವನ್ನು ಆಡಳಿತದ ಅಧಿಕಾರಿಗೆ ಕೊಡುವುದು, ಆ ಅಧಿಕಾರಿ ಎಷ್ಟೇ ಪ್ರಾಮಾಣಿಕನಾಗಿದ್ದರೂ, ನ್ಯಾಯತತ್ತ್ವಕ್ಕೆ ಸಮ್ಮತವಲ್ಲ. ಭೂಮಿಯ ಒಡೆತನ ಒಳಗೊಂಡ ವಿವಾದಗಳ ಮಟ್ಟಿಗಾದರೂ ಈ ಅಂತಿಮತೆಯನ್ನು ತೆಗೆದು, ಅಧಿಕಾರದ ಪ್ರಶ್ನೆಯೊಂದರ ಮೇಲೆಯೇ ಜಿಲ್ಲಾ ನ್ಯಾಯಾಲಯಕ್ಕೆ ಶೀಘ್ರವಾದ ಮೇಲ್ಮನವಿಯನ್ನು ಕಲ್ಪಿಸುವುದು ವಿಧಾನಮಂಡಲದ ಕೆಲಸ.

ಅದು ಆಗುವವರೆಗೆ ನಮ್ಮ ಕೈಯಲ್ಲಿರುವುದನ್ನು ನಾವು ಮಾಡೋಣ. ನ್ಯಾಯಾಧಿಕಾರದ ಪ್ರಶ್ನೆ ಕೇವಲ ಕಾನೂನಿನದಾಗಿದ್ದಲ್ಲಿ ಅದನ್ನು ಪ್ರಾರಂಭದಲ್ಲಿಯೇ ತೀರ್ಮಾನಿಸಬಹುದೆಂದು ಸಂಹಿತೆಯ 14ನೆಯ ಆದೇಶದ 2ನೆಯ ನಿಯಮದಲ್ಲಿದೆ. ಪ್ರತಿವಾದಿಯ ಪರ ವಕೀಲರು ಆಕ್ಷೇಪಣೆಯನ್ನು ಎತ್ತುವುದಿದ್ದರೆ ಮೊದಲ ಲಿಖಿತ ಹೇಳಿಕೆಯಲ್ಲಿಯೇ ಎತ್ತಲಿ. ವಾದಿಯ ಪರ ವಕೀಲರು ಅದರ ಮೇಲೆ ಒಡನೆಯೇ ತೀರ್ಮಾನವನ್ನು ಬೇಡಲಿ. ಸಾಕ್ಷ್ಯವೆಲ್ಲ ಮುಗಿದು, ವಾದವೆಲ್ಲ ಕೇಳಿ, ವರ್ಷಗಳು ಉರುಳಿದ ಮೇಲೆ ‘ಈ ನ್ಯಾಯಾಲಯಕ್ಕೆ ಅಧಿಕಾರವಿಲ್ಲ’ ಎಂಬ ಒಂದು ಸಾಲಿನ ತೀರ್ಪನ್ನು ಕೈಯಲ್ಲಿ ಹಿಡಿದು ಯಾವ ಬಡವನೂ ಕೋರ್ಟಿನ ಮೆಟ್ಟಿಲಿಳಿಯುವಂತಾಗಬಾರದು.

ಬಳ್ಳಾರಿ, ಸಿರುಗುಪ್ಪ, ಕುರುಗೋಡುಗಳ ಗೃಹ ನಿರ್ಮಾಣ ಸಹಕಾರ ಸಂಘಗಳ ಅಧ್ಯಕ್ಷರೂ ಕಾರ್ಯದರ್ಶಿಗಳೂ ಈ ಸಭೆಯಲ್ಲಿದ್ದೀರಿ. ನಿಮ್ಮಲ್ಲಿ ನನ್ನ ವಿನಂತಿ ಇಷ್ಟೆ. ಜಮೀನು ಕೊಳ್ಳುವ ಕರಾರಿಗೆ ಸಹಿ ಹಾಕುವ ಮುನ್ನ ಮೂಲಪತ್ರಗಳನ್ನೂ ಪಹಣಿಯನ್ನೂ ಋಣಭಾರ ಪತ್ರವನ್ನೂ ಸರ್ವಸದಸ್ಯರ ಸಭೆಯ ಮುಂದಿಡಿರಿ. ಸದಸ್ಯನಲ್ಲದವನಿಗೆ ಪ್ಲಾಟು ಮಾರುವ ಪ್ರಸಂಗ ಬಂದರೆ ಅದೇ ಸಭೆಯ ಒಪ್ಪಿಗೆಯನ್ನು ಲಿಖಿತವಾಗಿ ಪಡೆಯಿರಿ. ಮತ್ತು ಪ್ರತಿಯೊಂದು ಹಂಚಿಕೆ ಪತ್ರದ ಬೆನ್ನ ಮೇಲೆ, ಸಂಘದೊಡನೆ ತಕರಾರು ಬಂದಲ್ಲಿ ಸದಸ್ಯನು ಯಾವ ಕಛೇರಿಗೆ, ಎಷ್ಟು ದಿನದೊಳಗೆ, ಯಾವ ಕಲಮಿನಡಿ ಅರ್ಜಿ ಸಲ್ಲಿಸಬೇಕೆಂಬುದನ್ನು ಕನ್ನಡದಲ್ಲಿ, ಮತ್ತು ಈ ಬೀದಿಗಳ ಅನೇಕರು ಓದಬಲ್ಲ ಉರ್ದುವಿನಲ್ಲಿಯೂ ತೆಲುಗಿನಲ್ಲಿಯೂ ಅಚ್ಚುಹಾಕಿಸಿರಿ. ಇದಕ್ಕೆ ಶಾಸನದ ತಿದ್ದುಪಡಿಯಾಗಲಿ, ಸರ್ಕಾರದ ಆದೇಶವಾಗಲಿ ಬೇಕಿಲ್ಲ. ಮುಂದಿನ ಸರ್ವಸದಸ್ಯರ ಸಭೆಯ ಒಂದು ಠರಾವು ಸಾಕು.